ಪೇನ್ ಎಂಬ ಹೆಸರಿನ ಬೇರು ಹುಡುಕಿದ ಶಿವಕ್ಕ

ಇಂಗ್ಲೆಂಡಿನ ಫೆಲ್ಥಮ್‌ಗೆ ಬಂದ ಮೊದಲ ವಾರದಲ್ಲೇ ಶಿವಕ್ಕನ ಹೆಸರು ಅರ್ಧವಾಯಿತು. ಪಕ್ಕದ ಮನೆಯ ಲೆನರ್ಡ್ ಪೇನ್ ಎಂಬ ಹಿರಿಯರು ಬೇಲಿಯಾಚೆಯಿಂದ ಹೆಸರು ಕೇಳಿದರು. ಈಕೆ ಹೇಳಿದಳು. ಶಿವ ಅವಳ ಹೆಸರು, ಅಕ್ಕ ಮನೆತನದ ಹೆಸರು ಎಂದುಕೊಂಡ ಅವರು ಅಂದಿನಿಂದ ಅವಳನ್ನು ‘ಮಿಸೆಸ್ ಅಕ್ಕ’ ಎಂದೇ ಕರೆದರು. ಶಿವಕ್ಕ ತಿದ್ದಲು ಹೋಗಲಿಲ್ಲ.

ಅದು 1991. ಗಂಡ ಕಲ್ಲಯ್ಯನಿಗೆ ವಿಮಾನ ನಿಲ್ದಾಣದ ಸರಕು ವಿಭಾಗದಲ್ಲಿ ಕೆಲಸ. ಬಿಜಾಪುರದ ಕನ್ನಡ ಶಾಲೆಯಲ್ಲಿ ಹನ್ನೊಂದು ವರ್ಷ ಪಾಠ ಹೇಳಿದ್ದ ಶಿವಕ್ಕ ಇಲ್ಲಿ ಶಾಲೆಯೊಂದರಲ್ಲಿ ಮಕ್ಕಳಿಗೆ ಮಧ್ಯಾಹ್ನದ ಊಟ ಬಡಿಸುತ್ತಿದ್ದಳು.

“ಪೇನ್ ಅಂದ್ರ ನೋವಲ್ಲೇನ? ಎಂಥಾ ಹೆಸರ ಇಟ್ಕೊಂಡಾರ ನೋಡ,” ಎಂದು ಕಲ್ಲಯ್ಯ ನಗುತ್ತಿದ್ದ. ಲೆನರ್ಡ್ ಚಿಕ್ಕಂದಿನಿಂದಲೂ ಇದೇ ಗೇಲಿ ಕೇಳಿ ಬೆಳೆದವರು. ಊರಿನ ಕೌನ್ಸಿಲ್‌ನ ತೋಟಗಾರಿಕೆ ಕೆಲಸದಿಂದ ನಿವೃತ್ತರಾದ ಮೇಲೆ ಆ ಹೆಸರು ಎಲ್ಲಿಂದ ಬಂತೆಂದು ತಿಳಿಯುವ ಹಟ ಹಿಡಿದು, ಗ್ರಂಥಾಲಯದಿಂದ ಕಟ್ಟುಗಟ್ಟಲೆ ಜೆರಾಕ್ಸ್ ತಂದಿಟ್ಟರು. ಅಷ್ಟರಲ್ಲಿ ಕಣ್ಣು ಕೈಕೊಟ್ಟಿತು. ಯಾವ ಅಕ್ಷರ ನೋಡಿದರೂ ನಟ್ಟನಡುವೆ ಒಂದು ಕಪ್ಪು ಕಲೆ.

1996ರಿಂದ ಪ್ರತಿ ಬುಧವಾರ ಶಾಲೆ ಮುಗಿಸಿ ಶಿವಕ್ಕ ಅವರ ಮನೆಗೆ ಹೋಗಿ ಓದಿ ಹೇಳತೊಡಗಿದಳು. ಅವಳ ಇಂಗ್ಲಿಷ್ ನಿಧಾನ. ಒಂದೊಂದು ಶಬ್ದವೂ ಬಿಡಿಬಿಡಿ. ಅವರಿಗೆ ಅದೇ ಹಿತವಾಗಿತ್ತು. ಪೇನ್ ಎಂಬುದು ಮೊದಲು ಮನೆತನದ ಹೆಸರೇ ಅಲ್ಲ, ಸಮುದ್ರದಾಚೆಯಿಂದ ಬಂದ ನಾರ್ಮನ್ನರು ಈ ದೇಶವನ್ನು ಗೆದ್ದಾಗ ತಂದ, ಗಂಡುಮಕ್ಕಳಿಗೆ ಇಡುವ ಹೆಸರು ಎಂದು ತಿಳಿಯಿತು. ಜಾನನ ಮಗ ಪೇನ್ ಎಂಬವನು ಒಂದನೇ ಹೆನ್ರಿ ರಾಜನ ಕಾಲದ ದೊಡ್ಡ ಅಧಿಕಾರಿ. 1137ರಲ್ಲಿ ವೇಲ್ಸಿನವರೊಡನೆ ಹೋರಾಡುತ್ತ ಸತ್ತ. ಲೆನರ್ಡ್ ಕುರ್ಚಿಯಲ್ಲಿ ನೆಟ್ಟಗೆ ಕೂತರು.

ಮುಂದಿನ ಪುಟದಲ್ಲಿ ಆ ಹೆಸರಿನ ಲ್ಯಾಟಿನ್ ರೂಪವಿತ್ತು. “ಪೇ-ಗಾ-ನುಸ್,” ಎಂದು ಓದಿದಳು ಶಿವಕ್ಕ.

“ಪೇಗನ್? ವಿಗ್ರಹಕ್ಕೆ ಕೈಮುಗಿಯುವವರು, ದೇವರನ್ನರಿಯದವರು! ನಲವತ್ತು ವರ್ಷ ಚರ್ಚಿನ ಉಸ್ತುವಾರಿ ನೋಡಿದವನು ನಾನು. ನಮ್ಮ ವಂಶದಲ್ಲಿ ಅಂಥವರಿರಲು ಸಾಧ್ಯವಿಲ್ಲ.”

ಎದುರಿಗೆ ಹಣೆಗೆ ವಿಭೂತಿ ಹಚ್ಚಿಕೊಂಡು ಕೂತವಳು ಯಾರೆಂಬುದು ಲೆನರ್ಡ್‌ಗೆ ಆಮೇಲೆ ನೆನಪಾಗಿರಬೇಕು. ಮುಖ ಕಿಟಕಿಯ ಕಡೆ ತಿರುಗಿಸಿದರು. ಶಿವಕ್ಕ ಕಾಗದಗಳನ್ನು ಜೋಡಿಸಿಟ್ಟು ಎದ್ದು ಬಂದಳು. ಮರುವಾರ ಹೋಗಲಿಲ್ಲ.

“ಮುದುಕ ಏನೋ ಅಂದಾನ, ಬಿಟ್ಟಬಿಡ,” ಎಂದ ಕಲ್ಲಯ್ಯ.

“ಅಂದಿದ್ದಕ್ಕ ಅಲ್ರೀ. ಅಂದ ಮ್ಯಾಲೆ ನನ್ನ ಮಾರಿ ನೋಡಲಿಲ್ಲ ಅವ್ರು.”

ಆದರೂ ಪಾಠವನ್ನು ಅರ್ಧಕ್ಕೆ ನಿಲ್ಲಿಸುವುದು ಅವಳ ಜಾಯಮಾನವಲ್ಲ. ಶನಿವಾರ ಗ್ರಂಥಾಲಯಕ್ಕೆ ಹೋಗಿ ಹೆಸರುಗಳ ದಪ್ಪ ನಿಘಂಟೊಂದನ್ನು ಮುಂದಿಟ್ಟುಕೊಂಡು ಸಂಜೆಯವರೆಗೆ ಕೂತಳು. ಬುಧವಾರ ಲೆನರ್ಡ್‌ರ ಬಾಗಿಲು ತಟ್ಟಿದಳು.

“ಆ ದಿನ ನಾನು ತಪ್ಪು ಮಾತಾಡಿದೆ, ಮಿಸೆಸ್ ಅಕ್ಕ.”

“ಹೌದು, ತಪ್ಪೇ ಮಾತಾಡಿದಿರಿ,” ಎಂದಳು ಅವಳು. “ಈಗ ಕೇಳಿ. ಆ ಶಬ್ದದ ಮೊದಲ ಅರ್ಥ ಹಳ್ಳಿಯವನು ಅಂತ. ದೇವರನ್ನರಿಯದವನು ಅನ್ನೋದು ಆಮೇಲೆ ಬಂದದ್ದು. ಇನ್ನೊಂದು ಊಹೆಯೂ ಇದೆ: ಚರ್ಚಿನಲ್ಲಿ ನೀರು ಚಿಮುಕಿಸಿ ಹೆಸರಿಡುವ ಶಾಸ್ತ್ರ ತಡವಾದ ಮಕ್ಕಳನ್ನು ಹೀಗೆ ಕರೆಯುತ್ತಿದ್ದರಂತೆ.”

ಶಿವಕ್ಕ ತನ್ನ ತಮ್ಮನ ವಿಷಯ ತೆಗೆದಳು. “ಅವನಿಗಿಂತ ಮುಂಚೆ ಹುಟ್ಟಿದ ಎರಡು ಕೂಸು ಉಳಿಯಲಿಲ್ಲ. ಅದಕ್ಕೆ ಅವ್ವ ಇವನನ್ನು ತಿಪ್ಪೆಯ ಮೇಲೆ ಉರುಳಿಸಿ ತಿಪ್ಪಣ್ಣ ಅಂತ ಹೆಸರಿಟ್ಟಳು. ತಿಪ್ಪೆ ಅಂದರೆ ಕಸ, ಸಗಣಿಯ ಗುಡ್ಡೆ. ಕಸದಂಥ ಕೂಸು ಯಮನಿಗೂ ಬೇಡವಾಗಲಿ ಅಂತ. ಈಗ ಅವನು ಹೈಸ್ಕೂಲು ಹೆಡ್‌ಮಾಸ್ತರು.”

ಲೆನರ್ಡ್‌ರ ತುಟಿಯಲ್ಲಿ ಸಣ್ಣ ನಗೆ ಸುಳಿಯಿತು.

“ಇನ್ನೊಬ್ಬ ಪೇನ್ ಇದ್ದ, ಪೆವರೆಲ್ ಮನೆತನದವನು,” ಎಂದಳು ಶಿವಕ್ಕ. “ ಕ್ರೈಸ್ತರು ಬೇರೆ ಧರ್ಮದವರ ಮೇಲೆ ಸಾರಿದ ಶಿಲುಬೆಯ ಯುದ್ಧಕ್ಕೆ ಹೋದ ನಾರ್ಮಂಡಿಯ ದೊರೆಯ ಬಾವುಟ ಹಿಡಿದವನು ಅವನೇ ಅಂತ ಪ್ರತೀತಿ.”

“ಅಂದರೆ ಪೇಗನ್ನರ ಮೇಲೆ ಯುದ್ಧಕ್ಕೆ ಹೊರಟ ದಂಡಿನ ಮುಂದೆ ಬಾವುಟ ಹಿಡಿದವನ ಹೆಸರೇ ಪೇಗನ್!” ಲೆನರ್ಡ್ ನಕ್ಕ ನಗೆಗೆ ಕಪ್ಪಿನಲ್ಲಿದ್ದ ಚಹಾ ಮೊಣಕಾಲ ಮೇಲೆ ತುಳುಕಿತು.

ಬುಧವಾರದ ಓದು ಮತ್ತೆ ಶುರುವಾಗಿ ಐದು ವರ್ಷ ನಡೆಯಿತು. ಲೆನರ್ಡ್‌ರ ವಂಶದ ಎಳೆ ಮಾತ್ರ ಬಹಳ ಹಿಂದಕ್ಕೆ ಹೋಗಲಿಲ್ಲ. ಹದಿನೇಳನೇ ಶತಮಾನದ, ಬುಟ್ಟಿ ಹೆಣೆಯುವ ಒಬ್ಬನಲ್ಲಿ ನಿಂತುಬಿಟ್ಟಿತು. ಆ ನಾರ್ಮನ್ ವೀರರಿಗೂ ತಮಗೂ ನಂಟಿದೆಯೆಂದು ತೋರಿಸಲು ಚೂರೂ ಪುರಾವೆ ಇಲ್ಲವೆಂದು ಖಚಿತವಾದಾಗ ಅವರಿಗೆ ಬೇಸರವೇನೂ ಆಗಲಿಲ್ಲ. “ಬುಟ್ಟಿಯವನಿಗೆ ದುಡಿಮೆಯಾದರೂ ಗೊತ್ತಿತ್ತು,” ಎಂದರು.

2001ರಲ್ಲಿ ಚರ್ಚಿನ ಸಭಾಂಗಣದಲ್ಲಿ ಸ್ಥಳೀಯ ಇತಿಹಾಸದ ಒಂದು ಸಂಜೆ ಏರ್ಪಾಡಾಯಿತು. ಲೆನರ್ಡ್ ತಮ್ಮ ಬದಲು ಶಿವಕ್ಕನೇ ಮಾತಾಡಬೇಕೆಂದು ಪಟ್ಟು ಹಿಡಿದರು. ಇಳಕಲ್ ಸೀರೆಯುಟ್ಟು, ಕೈಯಲ್ಲಿ ಹಾಳೆ ಹಿಡಿದು, ಮೂವತ್ತು ಜನರೆದುರು ಅವಳು ಪೇನ್‌ಗಳ ಕಥೆ ಹೇಳಿದಳು. ಎರಡನೇ ಪುಟಕ್ಕೆ ಬರುವಷ್ಟರಲ್ಲಿ ದನಿ ತರಗತಿಯಲ್ಲಿ ನಿಂತ ಶಿಕ್ಷಕಿಯದಾಗಿತ್ತು. ಮುಂದಿನ ಸಾಲಿನಲ್ಲಿದ್ದ ಲೆನರ್ಡ್ ಕಣ್ಣು ಮುಚ್ಚಿ ಕೇಳುತ್ತಿದ್ದರು.

ಕೊನೆಗೆ ಒಬ್ಬ ಮುದುಕಿ ಹತ್ತಿರ ಬಂದು, “ನನ್ನ ಹೆಸರಿನದೂ ಸ್ವಲ್ಪ ಹುಡುಕಿಕೊಡುತ್ತೀರಾ?” ಎಂದಳು. ಆ ಶನಿವಾರ ಗ್ರಂಥಾಲಯದಲ್ಲಿ ಶಿವಕ್ಕ ಕೂತ ಮೇಜಿಗೆ ಆಕೆ ಬಂದಳು; ಮುಂದಿನ ಶನಿವಾರ ಇನ್ನಿಬ್ಬರು. 2008ರಲ್ಲಿ ಮಂಡಿನೋವು ಜೋರಾಗುವವರೆಗೆ ಶಿವಕ್ಕ ಒಂದು ಶನಿವಾರವನ್ನೂ ತಪ್ಪಿಸಲಿಲ್ಲ.