ಬಾಗಿಲಾಚೆ ಇಳಿದುಹೋಗುವ ಹೆಜ್ಜೆ

ಬೆಳಕು ಹರಿಯುವ ಹೊತ್ತು. ಬೀದಿ ಇನ್ನೂ ಬಾಯಿ ಬಿಟ್ಟಿಲ್ಲ. ಹಾರನ್ನುಗಳ ಗಲಾಟೆ ಶುರುವಾಗುವ ಮುಂಚೆ ಕೆಲಸ ಮುಗಿಯಬೇಕು. ಗೋಡೆಗೆಲ್ಲ ದಪ್ಪ ಬಟ್ಟೆ ಹೊದಿಸಿದ ಕೋಣೆಯಲ್ಲಿ ಐವತ್ತು ದಾಟಿದ ಹೆಂಗಸೊಬ್ಬರು ಪರದೆಗೆ ಕಣ್ಣು ನೆಟ್ಟು, ಒದ್ದೆ ಟವೆಲ್ ಹೊದಿಸಿದ ಹಲಗೆಗೆ ಅಂಗೈ ಬೀಸಿ ಬಾರಿಸುತ್ತಾರೆ. ಛಟೀರ್! ಪರದೆಯ ಮೇಲೆ ನಾಯಕನ ಕೈ ನಾಯಕಿಯ ಕೆನ್ನೆಗೆ ತಾಗುವುದಕ್ಕೂ ಈ ಸದ್ದಿಗೂ ಕೂದಲೆಳೆಯ ಅಂತರವಿಲ್ಲ.

ಹೆಜ್ಜೆ, ಬಾಗಿಲು, ಬೀಗ, ಏಟು: ಶೂಟಿಂಗಿನಲ್ಲಿ ಸರಿಯಾಗಿ ಸಿಗದ ಸದ್ದುಗಳನ್ನು ಆಮೇಲೆ ಹುಟ್ಟಿಸಿಕೊಡುವುದು ಇವರ ಕಸುಬು. ಸ್ಟುಡಿಯೋದವರಿಗೆಲ್ಲ ಇವರು 'ಸದ್ದಕ್ಕ'.

"ಮೊದಲೆಲ್ಲ ಕುದುರೆ, ಕತ್ತಿ, ಮದುವೆ ಮನೆ ಗದ್ದಲ. ಈಗ ಬರೋದೆಲ್ಲ ಫ್ಲಾಟಿನ ಕಥೆ. ಒಬ್ಬಳು, ಒಂದು ಚಮಚ, ಒಂದು ಫ್ರಿಜ್ಜು. ಜಗಳಕ್ಕೆ ಒಬ್ಬ. ಅವನೂ ಇಲ್ದಿದ್ರೆ ಫ್ರಿಜ್ಜೇ ಗತಿ," ಎಂದು ನಗುತ್ತಾರೆ.

ಆ ಫ್ರಿಜ್ಜಿನ ಗುಂಯ್‌ಗುಡುವಿಕೆ ಅವರಿಗೆ ಹೊಸದಲ್ಲ. ಕೈ ಮಾಡುತ್ತಿದ್ದ ಗಂಡನನ್ನು ಬಿಟ್ಟು ಬಂದಾಗ ಬಾಡಿಗೆ ಕೋಣೆಯಲ್ಲಿ ಅದೊಂದೇ ಜೊತೆ. ಒಂಟಿತನ ತಡೆಯಲಾರದೆ ಎರಡು ಸಲ ವಾಪಸ್ಸೂ ಹೋಗಿದ್ದರು. "ಏಟಿಗಿಂತ ಸುಮ್ಮನಿರೋ ಮನೆ ಜಾಸ್ತಿ ಹೆದರಿಸ್ತಿತ್ತು. ಮೂರನೇ ಸಲ ಮೆಟ್ಟಿಲು ಇಳಿದವಳು ತಿರುಗಿ ನೋಡ್ಲಿಲ್ಲ."

ಇವತ್ತಿನದು ಕೊನೆಯ ದೃಶ್ಯ. ಏಟು ತಿಂದ ನಾಯಕಿ ಬಾಗಿಲು ದಾಟುತ್ತಾಳೆ. ಕ್ಯಾಮೆರಾ ನಾಯಕನ ಮುಖ ಬಿಟ್ಟು ಕದಲುವುದಿಲ್ಲ. ಅವಳು ಹೋದಳೋ, ತಿರುಗಿ ಬಂದಳೋ, ಹೆಜ್ಜೆಯ ಸದ್ದೇ ಹೇಳಬೇಕು. ಅಜ್ಜಿಕಥೆಯಲ್ಲಿ ರಾಕ್ಷಸನ ಜೀವ ಗಿಣಿಯೊಳಗಿದ್ದ ಹಾಗೆ, ಈ ಹುಡುಗಿಯ ಬಾಳು ಸದ್ದಕ್ಕನ ಸವೆದ ಚಪ್ಪಲಿಯೊಳಗಿದೆ.

"ನಾಲ್ಕು ಹೆಜ್ಜೆ ಹೋಗಿ ನಿಲ್ಲಿ, ಆಮೇಲೆ ಮೆಲ್ಲಗೆ ವಾಪಸ್ ಬನ್ನಿ ಅಕ್ಕ. ಎಷ್ಟಾದ್ರೂ ಪ್ರೀತಿ ಅಲ್ವಾ?" ಎನ್ನುತ್ತಾನೆ ನಿರ್ದೇಶಕ.

"ಪ್ರೀತಿನಾ? ಈಗ ತಾನೇ ಆ ಏಟು ಹೊಡೆದವಳು ನಾನು ಕಣಪ್ಪ. ಅಂಗೈ ಇನ್ನೂ ಉರೀತಿದೆ."

ಅವನು ನಗುತ್ತಾನೆ. ಅವರು ನಗುವುದಿಲ್ಲ. ಹೇಳಿದಂತೆ ವಾಪಸ್ ಬರುವ ಹೆಜ್ಜೆ ಹಾಕಿಕೊಡುತ್ತಾರೆ. ಆಮೇಲೆ, "ಈಗ ನಂದೊಂದು ಟೇಕು," ಎಂದು ಅಪ್ಪಣೆಗೂ ಕಾಯದೆ, ಮೆಟ್ಟಿಲ ಸದ್ದಿಗೆಂದೇ ಇಟ್ಟ ಮರದ ಪೆಟ್ಟಿಗೆ ಹತ್ತುತ್ತಾರೆ. ಹಿಮ್ಮಡಿ ತಡವರಿಸುತ್ತದೆ. ನಿಲ್ಲುತ್ತದೆ. ನಿರ್ದೇಶಕ ಕತ್ತು ಚಾಚುತ್ತಾನೆ. ಮತ್ತೆ ಹೆಜ್ಜೆ ಇಳಿಯುತ್ತದೆ, ಇನ್ನೂ ಇಳಿಯುತ್ತದೆ, ಒಂದೇ ಲಯದಲ್ಲಿ, ಸದ್ದು ಸಣ್ಣಗಾಗುತ್ತ, ಕಿವಿಗೆಟುಕದಷ್ಟು ದೂರ.

ಪರದೆಯ ಮೇಲಿನ ಮುಖ ಅದೇ. ಆದರೆ ಗೆದ್ದವನಂತಿದ್ದ ನಾಯಕ ಈಗ ದಿಕ್ಕು ತಪ್ಪಿದವನಂತೆ ಕಾಣುತ್ತಾನೆ. ನಿರ್ದೇಶಕ ಎರಡನ್ನೂ ಮತ್ತೆ ಮತ್ತೆ ಹಾಕಿಸಿ ಕೇಳುತ್ತಾನೆ. ಕೊನೆಗೆ ಕುರ್ಚಿಗೊರಗಿ, "ಅವಳು ಹೋಗ್ಲಿ ಅಕ್ಕ," ಅನ್ನುತ್ತಾನೆ.

ಸದ್ದಕ್ಕ ಚಪ್ಪಲಿ ಕಳಚಿ ಧೂಳು ಕೊಡವುತ್ತಾರೆ. ತೆರೆಯ ಮೇಲೆ ಅವರ ಹೆಸರು ಬರುವ ಹೊತ್ತಿಗೆ ಜನ ಎದ್ದು ಹೋಗಿರುತ್ತಾರೆ. ಬೇಸರವಿಲ್ಲವೇ?

"ಹೆಸರು ಕಟ್ಕೊಂಡು ಏನಾಗ್ಬೇಕು? ಥಿಯೇಟರಿಗೆ ಒಬ್ಬಳೇ ಬಂದು ಕೂತ ಯಾವಳಿಗಾದ್ರೂ ಆ ಹೆಜ್ಜೆ ಕೊನೇ ಮೆಟ್ಟಿಲವರೆಗೂ ಕೇಳಿಸಿದ್ರೆ ಸಾಕು."