ನಲವತ್ನಾಲ್ಕನೆಯ ಸಾಲು

ನೀಲಾ ಮಾವಶಿ ಕವಡೆ ಹಾಕುವ ಮುಂಚೆ ಅವನ್ನು ಮುಷ್ಟಿಯಲ್ಲಿ ಕುಲುಕಿ ಕಿವಿಗೆ ಹಿಡಿಯುತ್ತಿದ್ದಳು. ಎದುರಿಗೆ ಕೂತವರು ಎಷ್ಟೇ ಅವಸರ ಮಾಡಲಿ, ಕಣ್ಣು ಮುಚ್ಚಿ, "ತಡೀರಿ, ಲೈನ್ ಹತ್ತಲಿ" ಅನ್ನುತ್ತಿದ್ದಳು. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಮೂವತ್ತು ವರ್ಷ ಊರೂರಿನ ಟ್ರಂಕ್ ಕಾಲ್ ಜೋಡಿಸಿದ ಕಿವಿ ಅದು. ಆಮೇಲೆ "ಹತ್ತಿತು!" ಎಂದು ಒದರಿ, ಶಹಾಬಾದ್ ಕಲ್ಲಿನ ನೆಲದ ಮೇಲೆ ಕವಡೆ ಚೆಲ್ಲಿದರೆ ನಾಲ್ಕೂ ಬೋರಲು ಬಿದ್ದು ಎಂಟು ಬರುವುದು. ಪ್ರತಿ ಸಲವೂ ಬರುತ್ತಿತ್ತು ಅಂದರೆ ಸುಳ್ಳಾದೀತು. ಬರದಿದ್ದಾಗ "ರಾಂಗ್ ನಂಬರ್" ಎಂದು ಇನ್ನೊಮ್ಮೆ ಹಾಕಲು ನೋಡುತ್ತಿದ್ದಳು. ನಾವು ಬಿಡುತ್ತಿರಲಿಲ್ಲ.

ಮಾದಾಪುರದ ಕಡೆ ತಿಂಗಳಿಗೊಂದು ಗಾಜಿನ ಕಟ್ಟಡ ಏಳುತ್ತಿದ್ದ ವರ್ಷಗಳವು. ಸಾಫ್ಟ್‌ವೇರ್ ಪರೀಕ್ಷಿಸುವ ಕೆಲಸ ಸಿಕ್ಕಿ ರಾಯಚೂರಿನಿಂದ ಹೈದರಾಬಾದಿಗೆ ಬಂದ ನನ್ನನ್ನು, ಅವ್ವ ತನ್ನ ದೂರದ ಸಂಬಂಧದ ಈ ತಂಗಿಯ ಮನೆಗೆ ಒಪ್ಪಿಸಿ ಹೋದಳು. ನಾರಾಯಣಗೂಡದ ಓಣಿಯೊಂದರಲ್ಲಿ ಹಳೆಯ ಮನೆ. ಕೆಳಗೆ ಮಾವಶಿ, ಮೇಲಿನ ಕೋಣೆಯಲ್ಲಿ ನಾನು. ಅವಳ ಅಪ್ಪ ಹುಮನಾಬಾದಿನಿಂದ ನೀರಾವರಿ ಇಲಾಖೆಯ ನೌಕರಿಗೆ ಬಂದು ಇಲ್ಲೇ ನಿಂತವರು. ಮಾವಶಿ ಮದುವೆಯಾಗಿರಲಿಲ್ಲ. ಯಾಕೆ ಅಂತ ಒಮ್ಮೆ ಕೇಳಿದ್ದಕ್ಕೆ, "ಬಂದವರಿಗೆ ಒಬ್ಬರಿಗೂ ಸೋಲಾಕ ಬರತಿರಲಿಲ್ಲವಾ. ಸೋತ್ರ ಮಾರಿ ಸಣ್ಣದು ಮಾಡೂ ಗಂಡಸಿನ ಜೋಡಿ ಹೆಂಗ ಬಾಳ್ವೆ ಮಾಡೂದು?" ಅಂದಿದ್ದಳು. ಮನೆಯೊಳಗೆ ಕನ್ನಡ, ಗೇಟಿನಾಚೆ ತೆಲುಗು, ತರಕಾರಿ ಗಾಡಿಯವನ ಜೊತೆ ಹಿಂದಿ, ಆಟ ಸೋಲುವಾಗ ಮಾತ್ರ ಮೂರೂ ಕೂಡಿಸಿ ಬೈಗುಳ.

ಅವಳ ಕಬ್ಬಿಣದ ಕಪಾಟಿನಲ್ಲಿ ಸೀರೆಗಳಿಗೆ ಒಂದೇ ಖಾನೆ. ಮಿಕ್ಕಿದ್ದೆಲ್ಲ ಆಟಗಳು. ಪಗಡೆಯ ಹಾಸು, ಅಳಗುಳಿ ಮಣೆ, ಹಿತ್ತಾಳೆ ತಟ್ಟೆಯಲ್ಲಿ ಕೊರೆದ ಆಡು-ಹುಲಿ ಆಟ, ಇವು ಮನೆತನದವು. ಇನ್ನರ್ಧ ಆಬಿಡ್ಸ್‌ನಲ್ಲಿ ಭಾನುವಾರ ಫುಟ್‌ಪಾತಿನ ಮೇಲೆ ಹಳೆ ಪುಸ್ತಕ ಹರವುವವರ ಹತ್ತಿರ ಚೌಕಾಸಿ ಮಾಡಿ ತಂದವು. ಯಾರೋ ವಿದೇಶದಿಂದ ತಂದು, ಆಡಿ ಬೇಸರವಾಗಿ, ರದ್ದಿಗೆ ಹಾಕಿದ ಡಬ್ಬಿಗಳು. ಒಂದರಲ್ಲೂ ಕಾಯಿಗಳು ಪೂರ್ತಿ ಇರುತ್ತಿರಲಿಲ್ಲ. ಕಡಿಮೆ ಬಿದ್ದಲ್ಲಿ ಮಾವಶಿ ಮನೆಯ ಸಾಮಾನು ಸೇರಿಸುತ್ತಿದ್ದಳು. ಹಡಗಿನ ಬದಲು ಅವಳ ಅಪ್ಪನ ಕೋಟಿನ ನೀಲಿ ಗುಂಡಿ, ಪೊಲೀಸಿನ ಬದಲು ಅರಿಶಿಣ ಕೊಂಬು, ರಾಜನ ಬದಲು ಕುಂಕುಮದ ಭರಣಿಯ ಮುಚ್ಚಳ. ಯಾವುದು ಯಾವುದರ ಬದಲಿ ಎಂದು ಅವಳಿಗೊಬ್ಬಳಿಗೇ ಗೊತ್ತು. ಆದ್ದರಿಂದ ಅವಳ ಮನೆಯ ಕಾಯ್ದೆಯೂ ಒಂದೇ.

"ಆಟ ಒಯ್ಯಾಕ ನಂದೇನೂ ಅಡ್ಡಿ ಇಲ್ಲ. ನನ್ನ ಜೋಡಿ ಒಂದ್ ಡಾವ ಆಡ್ರಿ, ಆಮ್ಯಾಲ ಒಯ್ರಿ."

ಈ ಒಂದು ಡಾವಿಗಾಗಿ ನನ್ನ ಆಫೀಸಿನ ಗೆಳೆಯರು ಭಾನುವಾರ ಬರತೊಡಗಿದರು. ಮೊದಲು ಇಬ್ಬರು, ಆಮೇಲೆ ಎಂಟು ಹತ್ತು ಮಂದಿ. ಎಲ್ಲರೂ ಊರು ಬಿಟ್ಟು ಬಂದವರು, ಭಾನುವಾರ ಏನು ಮಾಡಬೇಕೆಂದು ತಿಳಿಯದವರು. ಮಾವಶಿ ನಡುಮನೆಯಲ್ಲಿ ಜಮಖಾನ ಹಾಸಿ, ದೊಡ್ಡ ಬುಟ್ಟಿ ತುಂಬ ಚುರುಮರಿ ಸುಸಲಾ ಮಾಡಿ, ಬಾಗಿಲಲ್ಲೇ ಒಬ್ಬೊಬ್ಬರ ಮುಖ ನೋಡಿ ಆಟ ಹಂಚುತ್ತಿದ್ದಳು. "ನಿನ್ನ ತಲಿ ಬಿಸಿ ಐತಿ, ಹುಲಿ ಆಟ ಬ್ಯಾಡ, ಅಳಗುಳಿ ತಗೋ." ಕನ್ನಡ ಬಾರದ ಹುಡುಗಿಯರೂ ತಲೆಯಾಡಿಸಿ ಅಳಗುಳಿ ತೆಗೆದುಕೊಳ್ಳುತ್ತಿದ್ದರು.

ನಮ್ಮ ಟೀಮ್ ಲೀಡ್ ಚಂದ್ರಶೇಖರ್ ಒಂದು ಭಾನುವಾರ ಉಪ್ಪಲ್‌ನಿಂದ ಬಂದರು. ಆಫೀಸಿನಲ್ಲಿ ಅವರ ಎದುರು ನಾವು ದನಿ ಎತ್ತುತ್ತಿರಲಿಲ್ಲ. ಮಾವಶಿ ಅವರಿಗೆ ಹುಲಿಗಳನ್ನು ಕೊಟ್ಟು ತಾನು ಆಡುಗಳನ್ನು ಇಟ್ಟುಕೊಂಡಳು. ಅರ್ಧ ತಾಸಿನಲ್ಲಿ ಮೂರೂ ಹುಲಿಗಳಿಗೆ ಅಲುಗಾಡಲು ಜಾಗವಿರಲಿಲ್ಲ. ಮಾವಶಿ ಚಪ್ಪಾಳೆ ತಟ್ಟಿ, "ಏನ್ ಸಾಹೇಬ್ರ, ಹುಲಿ ಆಗಿ ಆಡಿನಂಗ ಕುಂತೀರಲ್ಲ! ಆಫೀಸ್‌ನ್ಯಾಗೂ ಹಿಂಗೇನು?" ಅಂದಳು. ಅದನ್ನು ಅವರಿಗೆ ಅರ್ಥವಾಗಲೆಂದು ತೆಲುಗಿನಲ್ಲಿ ಮತ್ತೊಮ್ಮೆ ಅಂದಳು. ಎಲ್ಲರೂ ಬಿದ್ದು ಬಿದ್ದು ನಕ್ಕರು. ಚಂದ್ರಶೇಖರ್ ಕೂಡ ನಕ್ಕು, "ಪೆದ್ದಮ್ಮಾ, ಇನ್ನೊಂದು ಸಲ" ಎಂದರು. ತೆಲುಗಿನಲ್ಲಿ ಹಾಗಂದರೆ ದೊಡ್ಡಮ್ಮ. ನಾನೊಬ್ಬಳೇ ನಗಲಿಲ್ಲ. ಮರುದಿನ ಆಫೀಸಿನಲ್ಲಿ ಅವರ ಮುಖ ಹೇಗೆ ನೋಡಲಿ ಎಂಬ ಚಿಂತೆ ನನಗೆ ಹತ್ತಿತು.

ಪಟ್ಟಿಯ ಉಪಾಯ ಹುಟ್ಟಿದ್ದು ಅಲ್ಲಿಂದ. ಎಲ್ಲರಿಗೂ ಅನುಕೂಲವಾಗಲಿ ಎಂದು ಮಾಡಿದೆ ಅಂತ ಬಹಳ ದಿನ ನನಗೆ ನಾನೇ ಹೇಳಿಕೊಂಡಿದ್ದೇನೆ. ಅದು ಅರ್ಧ ನಿಜ. ಮಾವಶಿಯ ಬಾಯಿಗೆ ಆಫೀಸಿನವರು ಸಿಗುವುದಕ್ಕೆ ನನಗೆ ನಾಚಿಕೆಯಾಗುತ್ತಿತ್ತು ಅನ್ನುವುದು ಉಳಿದರ್ಧ. ಹಲವರು ಒಟ್ಟಿಗೆ ತೆರೆದು ನೋಡಬಹುದಾದಂಥ ಪಟ್ಟಿಗಳು ಇಂಟರ್ನೆಟ್ಟಿನಲ್ಲಿ ಆಗತಾನೇ ಬಂದಿದ್ದವು. ಆಟದ ಹೆಸರು, ಎಷ್ಟು ಜನ ಆಡಬಹುದು, ಯಾವ ಕಾಯಿಗೆ ಏನು ಬದಲಿ, ಈಗ ಎಲ್ಲಿದೆ ಎಂದು ನಾಲ್ಕು ಕಾಲಮು ಹಾಕಿದೆ. ಬೇಕಾದವರು ತಮ್ಮ ಹೆಸರು ಬರೆದರೆ ಸಾಕು, ನಾನು ಆಟವನ್ನು ಚೀಲದಲ್ಲಿ ಹಾಕಿಕೊಂಡು ಕಂಪನಿಯ ಬಸ್ಸಿನಲ್ಲಿ ಒಯ್ದು ಕೊಡುವುದು.

ಮಾವಶಿಗೆ ಇದು ದೊಡ್ಡ ಸಂಭ್ರಮವಾಯಿತು. "ಅಂದ್ರ ನನ್ನ ಕಪಾಟ ಎಲ್ಲಾರಿಗೂ ಕಾಣಸ್ತೈತೇನು?" ಎಂದು ಎರಡೆರಡು ಸಲ ಕೇಳಿದಳು. ಕನ್ನಡಕ ಏರಿಸಿಕೊಂಡು ಎರಡು ಭಾನುವಾರ ನನ್ನ ಪಕ್ಕ ಕೂತು, ಒಂದೊಂದೇ ಡಬ್ಬಿ ತೆಗೆದು ಬರೆಸಿದಳು.

"ನೀಲಿ ಗುಂಡಿ ಅಂದ್ರ ಹಡಗ. ಅಪ್ಪನ ಕೋಟಿಂದು ಅಂತನೂ ಬರಿ."

"ಅದ್ಯಾಕ್ರೀ ಮಾವಶಿ?"

"ಗೊತ್ತಿದ್ರ ಒಯ್ದವರು ಜ್ವಾಕಿಲೆ ಇಡ್ತಾರ."

ನಾನು 'ನೀಲಿ ಗುಂಡಿ, ಹಡಗು' ಎಂದಷ್ಟೇ ಬರೆದೆ. ಜಾಗ ಸಾಲುವುದಿಲ್ಲ ಅನಿಸಿತ್ತು. ಹೀಗೆ ನಲವತ್ಮೂರು ಆಟಗಳ ಗುಟ್ಟನ್ನೆಲ್ಲ ಅವಳ ತಲೆಯಿಂದ ತೆಗೆದು ಪಟ್ಟಿಗೆ ಹಾಕಿದೆವು. ಅದು ಮುಗಿದ ಮೇಲೆ ಆ ಒಂದು ಡಾವು ಆಡುವ ಅಗತ್ಯ ಯಾರಿಗೂ ಉಳಿಯಲಿಲ್ಲ. ಇಷ್ಟು ಸಣ್ಣ ಸಂಗತಿ ನಮ್ಮಿಬ್ಬರಿಗೂ ಹೊಳೆಯಲಿಲ್ಲ.

ಪಟ್ಟಿ ಚೆನ್ನಾಗಿ ಓಡಿತು. ಗೆಳೆಯರು ತಮ್ಮ ಗೆಳೆಯರಿಗೆ ಕಳಿಸಿದರು. ಮಾವಶಿ ಸಂಜೆ ನನ್ನಿಂದ 'ಈಗ ಎಲ್ಲಿದೆ' ಕಾಲಮನ್ನು ಓದಿಸಿ ಕೇಳುತ್ತಿದ್ದಳು. ಗಚ್ಚಿಬೌಲಿ, ಮಿಯಾಪುರ, ಉಪ್ಪಲ್, ಮತ್ತೆ ಗಚ್ಚಿಬೌಲಿ. "ನನಕಿಂತ ನನ್ನ ಆಟಗೋಳೇ ಭಾಳ ಊರು ತಿರಗಾಕತ್ಯಾವಲ್ಲ" ಎಂದು ಖುಷಿಪಟ್ಟಳು. ಭಾನುವಾರಕ್ಕೆ ಬರುವವರು ನಾಲ್ವರಾದರು, ಇಬ್ಬರಾದರು, ಕಡೆಗೆ ಯಾರೂ ಇಲ್ಲ. ಮಳೆಗಾಲ ಅಲ್ಲವೇ, ಅದಕ್ಕೆ ಬರುವುದಿಲ್ಲ ಅಂದುಕೊಂಡಳು. ಮಳೆಗಾಲ ಮುಗಿಯಿತು.

ಒಂದು ಶನಿವಾರ ಸಂಜೆ ಅಕ್ಕಿ ಆರಿಸುತ್ತ ಕೂತವಳು ತಲೆ ಎತ್ತದೆ ಕೇಳಿದಳು.

"ಪಟ್ಟಿ ಎಷ್ಟನೇ ನಂಬರಿಗೆ ಮುಗೀತೈತಿ?"

"ನಲವತ್ಮೂರು ರೀ."

"ಹಂಗಾರ ನಲವತ್ನಾಕನೇದು ನಂದು ಬರಿ. ನೀಲಾಬಾಯಿ, ಆಡಾಕ ಜೋಡಿ. ಎಲ್ಲಿ ಐತಿ ಅಂಬೂ ಕಡೆ, ಮನ್ಯಾಗ ಅಂತ ಹಾಕು."

ನಾನು ಜೋರಾಗಿ ನಕ್ಕೆ. ಅವಳು ನಗಲಿಲ್ಲ. ಅಕ್ಕಿಯಲ್ಲಿ ಕಲ್ಲು ಹುಡುಕುತ್ತಲೇ ಇದ್ದಳು. "ಆತು ರೀ, ಬರೀತೀನಿ" ಅಂದು ಮೇಲೆ ಬಂದೆ. ಪಟ್ಟಿ ತೆರೆದೆ. ಗೆಳೆಯರು ಇದನ್ನು ನೋಡಿ ಆಫೀಸಿನಲ್ಲಿ ಆಡಿಕೊಂಡು ನಗುತ್ತಾರೆ, ಚಂದ್ರಶೇಖರ್ ಏನೆಂದುಕೊಂಡಾರು ಎಂದು ಕಣ್ಣಮುಂದೆ ಬಂತು. ಬರೆಯದೆ ಮುಚ್ಚಿಬಿಟ್ಟೆ. ಮರುದಿನ ಬೆಳಿಗ್ಗೆ ಚಹಾ ಕೊಡುವಾಗ ಅವಳು "ಬರದೇನವಾ?" ಅಂದಳು. ನಾನು "ಬರದೀನ್ರಿ ಮಾವಶಿ" ಅಂದೆ.

ಈ ನಾಲ್ಕು ಅಕ್ಷರದ ಸುಳ್ಳಿನಿಂದ ಏನಾದೀತು ಎಂದು ನಾನು ಯೋಚಿಸಿರಲಿಲ್ಲ. ಅದರ ಮುಂದಿನ ಭಾನುವಾರ ಅವಳು ಇಸ್ತ್ರಿ ಸೀರೆ ಉಟ್ಟು, ಜಮಖಾನ ಹಾಸಿ, ಸುಸಲಾಕ್ಕೆ ಚುರುಮರಿ ನೆನೆಸಿ ಕೂತಳು. ಗೇಟಿನ ಚಿಲಕ ತೆಗೆದಿಟ್ಟಿದ್ದಳು. ಆಟೋ ನಿಂತ ಸದ್ದಾದರೆ ಎದ್ದು ಹೋಗಿ ನೋಡಿ ಬರುವುದು ಮೇಲಿನ ಕೋಣೆಗೆ ಕೇಳಿಸುತ್ತಿತ್ತು. ಎದುರು ಮನೆಯ ಕೋಚಿಂಗ್ ಸೆಂಟರಿಗೆ ಬರುವ ಆಟೋಗಳವು. ಮಧ್ಯಾಹ್ನ ಎರಡಕ್ಕೆ ನಾನು ಕೆಳಗಿಳಿದು, "ನಾ ಆಡ್ತೀನಿ ಬರ್ರಿ" ಎಂದೆ. ಆಡಿದಳು, ಗೆದ್ದಳು. ಆದರೆ "ನೀ ಮನಿಯಾಕಿ, ನಿನ್ನ ಲೆಕ್ಕಕ್ಕ ಹಿಡಿಯೂದಿಲ್ಲ" ಅಂದಳು. ಕವಡೆಯನ್ನು ಕಿವಿಗೆ ಹಿಡಿಯುವುದನ್ನು ಆವತ್ತು ಮರೆತಿದ್ದಳು. ಇಂಥ ಭಾನುವಾರಗಳು ಎಷ್ಟು ಕಳೆದವೋ ನಾನು ಎಣಿಸಲಿಲ್ಲ. ಪ್ರತಿ ವಾರವೂ ಇವತ್ತು ಬರೆದುಬಿಡೋಣ ಅಂದುಕೊಳ್ಳುತ್ತಿದ್ದೆ. ತಡವಾದಷ್ಟೂ ಬರೆಯುವುದು ಕಷ್ಟವಾಯಿತು. ಈಗ ಬರೆದರೆ ಇಷ್ಟು ದಿನ ಬರೆದಿರಲಿಲ್ಲ ಎಂದು ನಾನೇ ಒಪ್ಪಿಕೊಂಡಂತಾಗುತ್ತಿತ್ತು.

ಚಳಿಗಾಲದ ಹೊತ್ತಿಗೆ ಬಸ್ಸಿನ ದಾರಿ ದೂರವಾಗುತ್ತದೆಂದು ಆಫೀಸಿನ ಸಮೀಪ ಕೊಂಡಾಪುರಕ್ಕೆ ಮನೆ ಬದಲಿಸಿದೆ. ಅದೂ ಅರ್ಧ ನಿಜವೇ. ಹೋದ ಒಂದು ತಿಂಗಳಿಗೆ, ಯಾರೋ ಕೇಳಿದ ಆಟವೊಂದನ್ನು ಒಯ್ಯಲು ಮತ್ತೆ ಬಂದೆ. ಕೊನೆಯ ಭೇಟಿ ಅದು ಎಂದು ಗೊತ್ತಿರಲಿಲ್ಲ. ಗೊತ್ತಿದ್ದರೆ ನಿಜ ಹೇಳುತ್ತಿದ್ದೆನೇ ಎಂಬುದೂ ಈಗ ಖಾತ್ರಿಯಿಲ್ಲ. ಮಾವಶಿ ಸೊರಗಿದ್ದಳು. ಕಪಾಟಿನಿಂದ ಡಬ್ಬಿ ತೆಗೆದು ಕೊಟ್ಟು, ಮೆಲ್ಲಗೆ ಕೇಳಿದಳು.

"ನನ್ನ ಹೆಸರಿನ ಮುಂದ ಏನರ ತಪ್ಪು ಬರದೀಯೇನವಾ?"

"ಇಲ್ರಿ, ಯಾಕ?"

"ಒಬ್ಬರೂ ಒಯ್ಯಾಕ ಬರಲಿಲ್ಲಲ್ಲ, ಅದಕ್ಕ ಕೇಳಿದ್ನಿ. ನನ್ನ ಬಾಯಿ ಜರಾ ಜೋರು ಐತಿ. ಆ ಸಾಹೇಬ್ರಿಗೆ ಬ್ಯಾಸರ ಆಗಿತ್ತೇನೋ. ಇನ್ನ ಅನ್ನೂದಿಲ್ಲ ಅಂತ ಹೇಳು."

ನನ್ನ ಬಾಯಿಂದ ಬಂದದ್ದು ಇನ್ನೊಂದು ಸುಳ್ಳು. "ಹಂಗೇನಿಲ್ರಿ ಮಾವಶಿ, ಎಲ್ಲಾರಿಗೂ ಕೆಲಸ ಭಾಳ ಐತಿ."

"ಹೌದಲ್ಲ," ಅಂದಳು. "ಎಲ್ಲಾರ ಲೈನೂ ಎಂಗೇಜ್." ಸುಸಲಾ ಒಂದು ಡಬ್ಬಿಗೆ ತುಂಬಿ ಕೊಟ್ಟು ಗೇಟಿನ ತನಕ ಬಂದಳು. ಚಿಲಕವನ್ನು ಅವಳು ಹಾಕಲಿಲ್ಲ. ಆವತ್ತು ಭಾನುವಾರ.

ಮೂರು ವಾರದ ನಂತರ ಹುಮನಾಬಾದಿನಿಂದ ಅವಳ ತಮ್ಮನ ಮಗಳು ಫೋನ್ ಮಾಡಿದಳು. ಬೆಳಗಿನ ಚಹಾ ಮುಂದಿಟ್ಟುಕೊಂಡು ಕೂತಲ್ಲೇ ಮಾವಶಿ ಹೋಗಿದ್ದಳು. ದಿನಕರ್ಮವೆಲ್ಲ ಮುಗಿದ ಮೇಲೆ ಕಪಾಟು ತೆರೆದರೆ ನಾಲ್ಕೈದು ಡಬ್ಬಿಗಳಷ್ಟೇ ಇದ್ದವು. ಆಟಗಳನ್ನೆಲ್ಲ ತಂದು ಒಪ್ಪಿಸಿ ಎಂದು ಪಟ್ಟಿಯಲ್ಲಿದ್ದವರಿಗೆ ಪತ್ರ ಹಾಕಿದೆ. ಮುಂದಿನ ಭಾನುವಾರ ಎಲ್ಲರೂ ಬಂದರು. ಎಷ್ಟೋ ತಿಂಗಳ ಮೇಲೆ ಆ ಬಾಗಿಲ ಮುಂದೆ ಚಪ್ಪಲಿಗಳ ರಾಶಿ ಬಿತ್ತು.

ಚಂದ್ರಶೇಖರ್ ಹಿತ್ತಾಳೆಯ ಆಡು-ಹುಲಿ ತಟ್ಟೆಯನ್ನು ತೊಳೆದು ಬೆಳಗಿಸಿ ತಂದಿದ್ದರು. ನಡುಮನೆಯ ಬರಿ ನೆಲದ ಮೇಲೆ ಕೂತು ತೆಲುಗಿನಲ್ಲಿ ಹೇಳಿದರು. "ಐದು ತಿಂಗಳಿಂದ ಮಗಳ ಜೊತೆ ದಿನಾ ಅಭ್ಯಾಸ ಮಾಡುತ್ತಿದ್ದೆ. ಪೆದ್ದಮ್ಮನನ್ನು ಒಂದು ಸಲವಾದರೂ ಸೋಲಿಸಬೇಕು ಅಂತ. ಆದರೆ ಮನೆಗೆ ಜನ ಬಂದರೆ ಅವರಿಗೆ ತ್ರಾಸಾಗುತ್ತದೆ, ಅದಕ್ಕೇ ನೀನು ಆ ಪಟ್ಟಿ ಮಾಡಿದ್ದೀಯ ಅಂದುಕೊಂಡೆವು. ಬನ್ನಿ ಅಂತ ಒಂದು ಮಾತು ಇದ್ದಿದ್ದರೆ ಪ್ರತಿ ವಾರ ಬರುತ್ತಿದ್ದೆ."

ಸುತ್ತ ಕೂತವರೆಲ್ಲ ಹೌದು ಹೌದು ಅಂದರು. ನಾನು ಕಾಯಿಗಳನ್ನು ಎಣಿಸುವ ನೆಪದಲ್ಲಿ ತಲೆ ತಗ್ಗಿಸಿದೆ. ನೀಲಿ ಗುಂಡಿ ಮಾತ್ರ ಬಂದಿರಲಿಲ್ಲ. ಯಾರದೋ ಮನೆಯಲ್ಲಿ ಕಸದೊಡನೆ ಹೋಗಿತ್ತಂತೆ.

ಆ ಪಟ್ಟಿ ಈಗಲೂ ತೆರೆಯುತ್ತದೆ. ನಲವತ್ಮೂರು ಸಾಲು, ಅದರ ಕೆಳಗೆ ಖಾಲಿ. ಹೋದ ವರ್ಷ ಒಂದು ದಿನ ಗಟ್ಟಿ ಮನಸ್ಸು ಮಾಡಿ ಬರೆಯಲು ಕೂತೆ. ನಲವತ್ನಾಲ್ಕು ಎಂದು ಹಾಕಿದೆ. ನೀಲಾಬಾಯಿ, ಆಡಲು ಜೋಡಿ ಎಂದು ಬರೆದೆ. ಬದಲಿ ಏನು ಎಂಬಲ್ಲಿ 'ಇಲ್ಲ' ಎಂದೆ. 'ಈಗ ಎಲ್ಲಿದೆ' ಎಂಬ ಕಾಲಮಿಗೆ ಬಂದಾಗ ಕೈ ನಿಂತಿತು. ಅವಳು ಹಾಕು ಅಂದಿದ್ದ 'ಮನ್ಯಾಗ' ಎಂಬ ಮಾತು ನನಗೆ ನೆನಪಿತ್ತು. ಅದನ್ನು ಬರೆಯಲಾಗದೆ ಇಡೀ ಸಾಲನ್ನು ಅಳಿಸಿದೆ.