ಮಾವನ ಹೆಸರಿನಲ್ಲಿ ಎರಡು ವರ್ಷ

ಎಂಬತ್ತರ ದಶಕದ ಆರಂಭದಲ್ಲಿ ಎರಡು ವರ್ಷ ನಾನು ಐವತ್ತೆರಡು ವಯಸ್ಸಿನ ಗಂಡಸಾಗಿದ್ದೆ. ಬೆಳಿಗ್ಗೆ ಒಂಬತ್ತೂವರೆಯಿಂದ ಸಂಜೆ ಐದೂವರೆಯವರೆಗೆ ಮಾತ್ರ, ಆದಿತ್ಯವಾರ ರಜೆ. ಉಳಿದ ಹೊತ್ತಿನಲ್ಲಿ ಪಡೀಲಿನಿಂದ ಬಸ್ಸಿನಲ್ಲಿ ಬಂದುಹೋಗುವ, ಇಪ್ಪತ್ತೊಂದು ವಯಸ್ಸಿನ, ಮೂಗಿನ ತುದಿಯಲ್ಲೇ ಸಿಟ್ಟಿರುವ ಹುಡುಗಿ.

ನನ್ನ ಕೆಲಸ ಬಂದರಿನ ಒಂದು ಗೇರುಬೀಜದ ಕಛೇರಿಯಲ್ಲಿ, ಟೆಲೆಕ್ಸ್ ಯಂತ್ರದ ಮುಂದೆ. ಈಗಿನವರಿಗೆ ಟೆಲೆಕ್ಸ್ ಎಂದರೆ ಬಿಡಿಸಿ ಹೇಳಬೇಕು. ನೋಡಲಿಕ್ಕೆ ಟೈಪ್‌ರೈಟರಿನ ಹಾಗೆ, ಗಾತ್ರದಲ್ಲಿ ಅದರ ದೊಡ್ಡಪ್ಪ. ಇಲ್ಲಿ ನಾನು ಹೊಡೆದ ಅಕ್ಷರ ಆ ಕ್ಷಣವೇ ಬೊಂಬಾಯಿಯ ಯಂತ್ರದ ಕಾಗದದ ಮೇಲೆ ಬೀಳುತ್ತಿತ್ತು, ಅಲ್ಲಿಯವರು ಹೊಡೆದದ್ದು ಇಲ್ಲಿ. ಎರಡೂ ಕಡೆ ಜನ ಕೂತಿದ್ದರೆ ಕಾಗದದ ಮೇಲೆಯೇ ಮಾತುಕತೆ ನಡೆಯುತ್ತಿತ್ತು. ನನ್ನ ಮೊಮ್ಮಗಳು ಈಗ ಫೋನಿನಲ್ಲಿ ಹೆಬ್ಬೆರಳಾಡಿಸಿ ಮಾಡುವುದು ಅದನ್ನೇ. ಅವಳು ಅಲ್ಲಿ ತನ್ನ ಹೆಸರನ್ನು ವಾರಕ್ಕೊಮ್ಮೆ ಬದಲಾಯಿಸುತ್ತಾಳೆ; ಒಂದು ವಾರ ಹೂವು, ಇನ್ನೊಂದು ವಾರ ಬೆಕ್ಕು. "ಇದಕ್ಕೆಲ್ಲ ಯಾರನ್ನು ಕೇಳ್ಬೇಕು ಅಜ್ಜಿ?" ಎನ್ನುತ್ತಾಳೆ. ನಾನು ಕೇಳಬೇಕಾಗಿತ್ತು.

ಆ ಯಂತ್ರದಲ್ಲಿ ಒಂದು ವಿಶೇಷ ಕೀಲಿ ಇತ್ತು. ಅದನ್ನು ಒತ್ತಿದರೆ ‘ನೀನು ಯಾರು?’ ಎಂದು ಎದುರಿನ ಯಂತ್ರವನ್ನು ಕೇಳಿದ ಹಾಗೆ. ಅಲ್ಲಿ ನರಪಿಳ್ಳೆ ಇಲ್ಲದಿದ್ದರೂ ಆ ಯಂತ್ರ ತನ್ನ ನಂಬರನ್ನೂ ಕಂಪೆನಿಯ ಗುರುತನ್ನೂ ತಾನೇ ಹೊಡೆದು ಉತ್ತರ ಕೊಡುತ್ತಿತ್ತು. ಆದರೆ ತನ್ನ ಮುಂದೆ ಕೂತವರು ಯಾರೆಂದು ಅದಕ್ಕೇನು ಗೊತ್ತು? ಹಾಗಾಗಿ ಪ್ರತಿ ಸಂದೇಶದ ಕೊನೆಗೆ ಕೂತವರು ತಮ್ಮ ಹೆಸರು ಹೊಡೆಯುವುದು ನಮ್ಮ ಕಛೇರಿಯ ಕ್ರಮ. ತಪ್ಪಾದರೆ ಯಾರನ್ನು ಹಿಡಿಯಬೇಕೆಂದು ತಿಳಿಯಬೇಕಲ್ಲ.

ಆ ಹೆಸರಿನ ವಿಷಯದಲ್ಲೇ ನನ್ನ ಕೆಲಸ ಮೊದಲ ದಿನ ತಪ್ಪಿಹೋಗುವುದರಲ್ಲಿತ್ತು. ನಮ್ಮದು ಅಳಿಯಕಟ್ಟಿನ ಮನೆ. ಯಜಮಾನ ಅಪ್ಪ ಅಲ್ಲ, ಅಮ್ಮನ ಅಣ್ಣ. ಮಾವ ಹೂಂ ಅನ್ನದೆ ಮನೆಯ ಬೆಕ್ಕೂ ಹೊರಗೆ ಹೋಗುತ್ತಿರಲಿಲ್ಲ. ಭೂಮಸೂದೆಯಲ್ಲಿ ಗದ್ದೆಗಳು ಒಕ್ಕಲುಗಳ ಪಾಲಾದ ಮೇಲೆ ಅವರಿಗೆ ಉಳಿದದ್ದು ಒಂದು ಗೇರುಗುಡ್ಡ. ಅದರ ಬೀಜವನ್ನು ಅವರು ಕೊಡುತ್ತಿದ್ದದ್ದು ಬಂದರಿನ ಈ ಕಛೇರಿಯ ಧಣಿ ಹಾಜಿಯವರಿಗೆ. ಆ ಪರಿಚಯದಿಂದಲೇ ನನಗೆ ಕೆಲಸ ಸಿಕ್ಕಿದ್ದು. ಮೊದಲ ದಿನ ಮಾವ ಇಸ್ತ್ರಿ ಮಾಡಿದ ಜುಬ್ಬ ಹಾಕಿಕೊಂಡು ನನ್ನ ಜೊತೆಗೇ ಬಂದರು. ಹಾಜಿಯವರು ಯಂತ್ರ ತೋರಿಸಿ, ಕೊನೆಗೆ ಹೆಸರು ಹೊಡೆಯುವ ಕ್ರಮ ಹೇಳಿದರು. ಮಾವನ ಮುಖ ಗಂಟಾಯಿತು.

"ಅದು ಆಗ್ಲಿಕ್ಕಿಲ್ಲ ಹಾಜಿಯವ್ರೇ. ನಮ್ಮ ಮನೆಯ ಹುಡುಗಿಯ ಹೆಸರು ಬೊಂಬಾಯಿ, ದುಬಾಯಿ ಎಲ್ಲ ತಿರುಗುವುದು ಬೇಡ. ಕಂಡಕಂಡವರ ಕೈಯಲ್ಲಿ ಆ ಕಾಗದ ಇರ್ತದೆ."

"ಹೆಸರು ಬೇಕೇ ಬೇಕಲ್ಲ. ಬೇರೆ ಎಂತ ಮಾಡುವುದು?"

"ನನ್ನ ಹೆಸರು ಹಾಕ್ಲಿ."

ಹಾಜಿಯವರು ನಕ್ಕು ನಕ್ಕು ಟೊಪ್ಪಿ ಸರಿಮಾಡಿಕೊಂಡರು. "ಆಯ್ತು. ನೀವು ಮನೆಯಲ್ಲಿ ಕೂತು ಕೆಲಸ ಮಾಡಿ, ಸಂಬಳ ಅವಳಿಗೆ ಕೊಡ್ತೇನೆ." ನಾನೂ ನಕ್ಕೆ. ಕೆಲಸ ಸಿಕ್ಕಿತಲ್ಲ, ಯಾರ ಹೆಸರಾದರೇನು ಎಂದುಕೊಂಡೆ. ಹಂಪನಕಟ್ಟೆಯ ಟೈಪಿಂಗ್ ಕ್ಲಾಸಿನಲ್ಲಿ ಒಂದು ವರ್ಷ ಬೆರಳು ಸವೆಸಿದ್ದು ಸಾರ್ಥಕವಾಯಿತೆಂಬ ಖುಷಿಯಲ್ಲಿ ಅದು ದೊಡ್ಡ ವಿಷಯವೆಂದು ಅನಿಸಲಿಲ್ಲ.

ಬೊಂಬಾಯಿಯಲ್ಲಿ ನಮ್ಮ ಸರಕನ್ನು ಹಡಗಿಗೆ ಏರಿಸುವ ಏಜೆಂಟರ ಕಛೇರಿ ಇತ್ತು. ಅಲ್ಲಿಯ ಯಂತ್ರದ ಮುಂದೆ ಕೂರುತ್ತಿದ್ದವರು ನಮ್ಮ ಕಡೆಯವರೇ, ಹೊಸದಾಗಿ ಮದುವೆಯಾದ ಯುವಕ. ಹೆಂಡತಿಯ ಮನೆ ಕಾವೂರಿನಲ್ಲಿ. ಸಂದೇಶದಲ್ಲಿ ನನ್ನ ಮಾವನ ಹೆಸರು ನೋಡಿ ಊರಿನವರೆಂದು ಗುರುತು ಹಿಡಿದರು. ಮರುದಿನದಿಂದ ಸಂದೇಶ ಮುಗಿದ ಮೇಲೆ ಇಂಗ್ಲಿಷ್ ಅಕ್ಷರದಲ್ಲಿ ತುಳು ಶುರುವಾಯಿತು. "ಅಣ್ಣೇರೇ, ಊಟ ಆಯ್ತಾ? ಊರಿನಲ್ಲಿ ಬಂಗುಡೆ ಮೀನು ಬರ್ತಾ ಉಂಟಾ?"

ನಾನು ಏನು ಮಾಡಲಿ? ಅಣ್ಣೇರ್, ಅಂದರೆ ಅಣ್ಣನವರು ಆಗಿಯೇ ಉತ್ತರ ಕೊಟ್ಟೆ. ವಯಸ್ಸು ಕೇಳಿದರು; ಮಾವನ ವಯಸ್ಸು ಹೇಳಿದೆ. ಆರೋಗ್ಯ ಕೇಳಿದರು, ಮಾವನ ಮೊಣಗಂಟು ನೋವಿನ ವರದಿ ಒಪ್ಪಿಸಿದೆ, ಎಡಗಾಲಿನದ್ದು, ಮೆಟ್ಟಿಲು ಹತ್ತುವಾಗ ಹೆಚ್ಚು. ಒಂದೇ ಒಂದು ಸುಳ್ಳು ಹೇಳಲಿಲ್ಲ. ಆದರೆ ನನ್ನ ಬೆರಳಿನಿಂದ ಹೊರಡುವ ಮಾವ ಮನೆಯ ಮಾವನಿಗಿಂತ ಸ್ವಲ್ಪ ಮೆದುವಾಗಿದ್ದರು. ಆ ಯುವಕ ಹೆಂಡತಿಯ ಮೇಲೆ ದೂರು ಹೇಳಿದರೆ, "ಮೊದಲು ಅವಳ ಮಾತು ಪೂರ್ತಿ ಕೇಳು ಮಾರಾಯ" ಎಂದು ಬುದ್ಧಿ ಹೇಳುತ್ತಿದ್ದರು. ನಮ್ಮ ಮಾವ ಅಮ್ಮನ ಒಂದು ಮಾತನ್ನಾದರೂ ಪೂರ್ತಿ ಕೇಳಿದ್ದನ್ನು ನಾನು ನೋಡಿರಲಿಲ್ಲ. ಅಪ್ಪನೂ ಕೇಳಿದವರಲ್ಲ, ಅದು ಬೇರೆ ಮಾತು. ನನಗೆ ಈ ಆಟ ಇಷ್ಟವೇ ಆಗಿತ್ತು.

ಎರಡನೆಯ ವರ್ಷದ ಒಂದು ಮಧ್ಯಾಹ್ನ ಬೊಂಬಾಯಿಯಿಂದ ಸಂದೇಶ ಬಂತು. ನಮ್ಮ ಎರಡು ಪಾಲು ಸರಕು ಅಲ್ಲಿಯ ಗೋದಾಮಿನಲ್ಲಿತ್ತು. ಒಂದು ದುಬಾಯಿಗೆ, ಒಂದು ಕುವೈಟಿಗೆ. ಯಾವುದು ಯಾವ ಹಡಗಿಗೆ ಎಂದು ಬರೆದಿದ್ದರು. ನಾನು ಅದನ್ನು ಹರಿದು ಹಾಜಿಯವರ ಮೇಜಿಗೆ ಇಟ್ಟರೆ ನನ್ನ ಕೆಲಸ ಮುಗಿಯಿತು. ಓದಿ ಅರ್ಥ ಮಾಡಿಕೊಳ್ಳಬೇಕೆಂದು ಯಾರೂ ಹೇಳಿರಲಿಲ್ಲ. ಆದರೆ ಬೆಳಿಗ್ಗೆ ಹಾಜಿಯವರು ಬೊಂಬಾಯಿಗೆ ಕಳಿಸಿದ ಸಂದೇಶವನ್ನು ಹೊಡೆದವಳು ನಾನೇ, ಅದರಲ್ಲಿ ಹಡಗುಗಳು ಇದಕ್ಕೆ ತಿರುಗಾಮುರುಗಾ ಇದ್ದವು. ಕೂಡಲೇ ಎದುರಿನವರನ್ನು ಕರೆಯುವ ಕೀಲಿ ಒತ್ತಿ ಬೊಂಬಾಯಿಯ ಯಂತ್ರದ ಗಂಟೆ ಬಾರಿಸಿದೆ. ಒಮ್ಮೆ ಅಲ್ಲ, ಅವರು ಓಡಿ ಬರುವವರೆಗೂ. "ಎರಡು ಹಡಗು ಅದಲುಬದಲು ಆಗಿದೆ, ನೋಡಿ" ಎಂದು ಹೊಡೆದೆ. ಅರ್ಧ ಗಂಟೆ ನಾನು ಯಂತ್ರ ಬಿಟ್ಟು ಏಳಲಿಲ್ಲ. ಆಮೇಲೆ ಯಂತ್ರ ತೊದಲಿದ ಹಾಗೆ ಅಕ್ಷರ ಬಿದ್ದವು. "ಅಣ್ಣೇರೇ, ತಪ್ಪು ನನ್ನದೇ. ಡಬ್ಬಿಗಳು ಹಡಗಿನ ಧಕ್ಕೆಗೆ ಹೊರಟಾಗಿತ್ತು. ಓಡಿ ಹೋಗಿ ನಿಲ್ಲಿಸಿ ಬಂದೆ. ಇಲ್ಲದಿದ್ದರೆ ಇವತ್ತಿಗೆ ನನ್ನ ಕೆಲಸ ಹೋಗ್ತಿತ್ತು."

ಆ ದಿನ ಬಸ್ಸಿನಲ್ಲಿ ನನಗೆ ಸೀಟು ಸಿಗಲಿಲ್ಲ, ಕಾಲು ನೋಯಲೂ ಇಲ್ಲ. ಅಷ್ಟು ಸಂತೋಷ.

ಎರಡು ದಿನ ಬಿಟ್ಟು ಆ ಏಜೆಂಟ್ ಕಂಪೆನಿಯ ದೊಡ್ಡವರಿಂದಲೇ ಹಾಜಿಯವರಿಗೆ ಸಂದೇಶ ಬಂತು. ನಿಮ್ಮ ಆಪರೇಟರ್ ಬಹಳ ಜವಾಬ್ದಾರಿಯ ಮನುಷ್ಯ, ಇಂಥ ಅನುಭವಿಗಳು ಈಗ ಸಿಗುವುದಿಲ್ಲ ಎಂದು. ಜೊತೆಗೆ ಮಾವನ ಹೆಸರು, ಹಿಂದೆ ಮುಂದೆ ಗೌರವ ಸೇರಿಸಿ. ಆ ಸಂದೇಶವನ್ನು ತೆಗೆದುಕೊಂಡದ್ದೂ ನಾನೇ. ಒಂದೊಂದೇ ಅಕ್ಷರ ಕಾಗದದ ಮೇಲೆ ಬೀಳುವುದನ್ನು ನೋಡುತ್ತಿದ್ದ ಹಾಗೆ ನನ್ನ ಸಿಟ್ಟು ಏರಿತು. ಹಾಜಿಯವರು ಓದಿ, "ನಿನ್ನ ಮಾವ ಬಾರೀ ಜೋರು, ಮಗಳೇ" ಎಂದು ತಮಾಷೆ ಮಾಡಿದರು. ನನಗೆ ನಗು ಬರಲಿಲ್ಲ. ಅವರ ನಗುವೂ ನಿಂತಿತು. "ಮನೆಯಲ್ಲಿ ಕೇಳಿ ನೋಡು. ನನಗೆ ಎಂತದೂ ತೊಂದರೆ ಇಲ್ಲ" ಎಂದರು.

ಅದೇ ಸಂಜೆ ಕೇಳಿದೆ. ಮಾವ ಚಾವಡಿಯಲ್ಲಿ ಕಾಲು ನೀಡಿ ಕೂತಿದ್ದರು. ನಡೆದದ್ದನ್ನು ಹೇಳಿ, "ಇನ್ನು ಮೇಲೆ ನನ್ನ ಹೆಸರು ಹಾಕ್ತೇನೆ ಮಾವ" ಎಂದೆ.

"ಕೆಲಸ ಆಯ್ತಲ್ಲ ಮಾರಾಯ್ತಿ. ಹೆಸರು ಯಾರದ್ದಾದರೆ ಎಂತ?"

"ಯಾರದ್ದಾದರೂ ಆಗ್ತದಾದರೆ ನನ್ನದೇ ಆಗ್ಲಿ."

"ಬೇಡ ಅಂದೆ ಅಲ್ವಾ?" ಮಾತು ಅಲ್ಲಿಗೆ ಮುಗಿಯಿತು. ಅಮ್ಮ ಒಳಗಿನಿಂದ ಕಣ್ಸನ್ನೆ ಮಾಡಿ ನನ್ನನ್ನು ಕರೆದಳು. ತೆಂಗಿನಕಾಯಿ ತುರಿಯುತ್ತಾ ಮೆಲ್ಲಗೆ ಒಂದು ಮಾತು ಹೇಳಿದಳು. ಮೊದಲು ಗದ್ದೆಯ ಕಾಗದ, ಕೋರ್ಟಿನ ಕಾಗದ, ದೇವಸ್ಥಾನದ ಕಾಗದ ಎಲ್ಲದರಲ್ಲೂ ಅಣ್ಣನ ಹೆಸರು ಇರುತ್ತಿತ್ತು, ಈಗ ರೇಷನ್ ಕಾರ್ಡಿನಲ್ಲಿ ಮಾತ್ರ ಉಂಟು ಎಂದು. ನನಗೆ ಅದು ಅರ್ಥವಾಯಿತು. ಅರ್ಥವಾದರೂ ಸಿಟ್ಟು ಇಳಿಯಲಿಲ್ಲ. ಅವರ ಗದ್ದೆ ಹೋದರೆ ನನ್ನ ಹೆಸರು ಯಾಕೆ ಹೋಗಬೇಕು? ಒಂದು ವಾರ ನಾನು ಮಾವನ ಜೊತೆ ಮಾತಾಡಲಿಲ್ಲ. ಅವರು ಅದನ್ನು ಗಮನಿಸಲೂ ಇಲ್ಲ. ಅದಕ್ಕೆ ಇನ್ನೂ ಸಿಟ್ಟು ಬಂತು.

ಬೊಂಬಾಯಿಯ ಯುವಕ ರಜೆಯಲ್ಲಿ ಕಾವೂರಿಗೆ ಬರುವುದಾಗಿಯೂ, ಅಣ್ಣೇರನ್ನು ಕಾಣದೆ ಹೋಗುವುದಿಲ್ಲವೆಂದೂ ಹೇಳಿದ್ದರು. ಬಂದರೆ ಕಛೇರಿಗೆ ತಾನೇ ಬರುತ್ತಾರೆ, ಹಾಜಿಯವರು ಏನಾದರೂ ಸಮಜಾಯಿಷಿ ಹೇಳುತ್ತಾರೆ ಎಂದು ನಾನು ಧೈರ್ಯದಲ್ಲಿದ್ದೆ. ಅವರು ಬಂದದ್ದು ಆದಿತ್ಯವಾರ, ಮನೆಗೆ. ಪಡೀಲಿನಲ್ಲಿ ಬಸ್ಸಿಳಿದು, ಮಾವನ ಹೆಸರು ಹೇಳಿ ಅಂಗಡಿಯಲ್ಲಿ ಕೇಳಿದರಂತೆ. ಅಂಗಡಿಯವರು ಗೇಟಿನವರೆಗೂ ಜೊತೆಗೆ ಒಬ್ಬ ಹುಡುಗನನ್ನು ಕಳಿಸಿಕೊಟ್ಟರಂತೆ.

ನಾನು ಬಾಗಿಲ ಸಂದಿಯಿಂದ ನೋಡುತ್ತಿದ್ದಂತೆ ಆ ಮನುಷ್ಯ ಮಾವನ ಕಾಲಿಗೆ ಬಿದ್ದರು. ಆಮೇಲೆ ಚೀಲದಿಂದ ಪೇಪರಿನಲ್ಲಿ ಸುತ್ತಿದ ಎಣ್ಣೆಯ ಬಾಟಲಿ ತೆಗೆದರು. "ನಿಮ್ಮ ಎಡಗಾಲಿನ ಮೊಣಗಂಟಿಗೆ. ಮೆಟ್ಟಿಲು ಹತ್ತುವಾಗ ಹೆಚ್ಚು ಅಂದಿದ್ರಲ್ಲ."

ಮಾವ ತಮ್ಮ ಮೊಣಗಂಟನ್ನೇ ನೋಡಿಕೊಂಡರು. ಬೊಂಬಾಯಿಗೆ ಈ ಸುದ್ದಿ ಹೇಗೆ ಮುಟ್ಟಿತೆಂದು ಅದನ್ನೇ ಕೇಳುವವರ ಹಾಗೆ. ನಾನು ಚಾ ತೆಗೆದುಕೊಂಡು ಹೋದೆ. ಬಂದವರು ಲೋಟ ತೆಗೆದುಕೊಂಡರು, ನನ್ನ ಮುಖ ನೋಡಲಿಲ್ಲ. ಎರಡು ವರ್ಷ ದಿನವೂ ಮಾತಾಡಿದ ಮನುಷ್ಯ ಮೂರು ಅಡಿ ದೂರದಲ್ಲಿ ಕೂತು, ನನ್ನನ್ನು ಬಿಟ್ಟು ಮಾವನಿಗೆ ಹೇಳುತ್ತಿದ್ದರು. "ಆ ದಿನ ನೀವು ಗಂಟೆ ಬಾರಿಸದೆ ಇದ್ದಿದ್ದರೆ ನಾನು ಇವತ್ತು ಬೀದಿಯಲ್ಲಿ ಇರ್ತಿದ್ದೆ. ಹೆಂಡತಿಗೆ ಆಗ ನಾಲ್ಕು ತಿಂಗಳು."

ಮಾವ ಒಮ್ಮೆ ನನ್ನನ್ನು ನೋಡಿದರು. "ಆ ದಿನ ಎಂತ ಆದದ್ದು, ಒಮ್ಮೆ ಸರಿಯಾಗಿ ಹೇಳಿ" ಎಂದರು. ಅವರು ಮೊದಲಿನಿಂದ ಹೇಳಿದರು. ಹೆಂಡತಿಯ ಮಾತು ಪೂರ್ತಿ ಕೇಳು ಎಂದು ನೀವು ಹೇಳಿದ ಮೇಲೆ ಮನೆಯಲ್ಲಿ ಜಗಳ ಕಡಿಮೆಯಾಯಿತು ಎಂದೂ ಸೇರಿಸಿದರು. ಮಾವ ನಡುವೆ ಬಾಯಿ ಹಾಕದೆ ಕೇಳಿದರು. ಒಬ್ಬರ ಮಾತನ್ನು ಅವರು ಪೂರ್ತಿ ಕೇಳಿದ್ದು ನಾನು ನೋಡಿದ ಹಾಗೆ ಅದೇ ಮೊದಲು. ನಿಜ ಹೇಳುತ್ತಾರೋ ಎಂದು ಕಾದೆ. ಹೇಳಲಿಲ್ಲ. ಬಂದವರನ್ನು ಬಸ್ ನಿಲ್ದಾಣದವರೆಗೆ ಬಿಟ್ಟು, ಕುಂಟುತ್ತಾ ವಾಪಸು ಬಂದು, ಊಟ ಮಾಡಿ ಮಲಗಿದರು. ನನಗೆ ಅಳು ಬಂತು.

ಸೋಮವಾರ ಬೆಳಿಗ್ಗೆ ನಾನು ಬ್ಯಾಗು ಹಾಕಿಕೊಂಡು ಹೊರಟಾಗ ಅವರು ಚಾವಡಿಯಲ್ಲಿ ಕೂತು ಮೊಣಗಂಟಿಗೆ ಆ ಎಣ್ಣೆ ತಿಕ್ಕುತ್ತಿದ್ದರು. ತಲೆ ಎತ್ತಲಿಲ್ಲ.

"ಇವತ್ತಿನಿಂದ ನಿನ್ನ ಹೆಸರು ಹಾಕು."

ನಾನು ನಿಂತೆ.

"ನಿನ್ನೆ ಆ ಮನುಷ್ಯ ನನ್ನ ಕಾಲಿಗೆ ಬಿದ್ದಾಗ ಕಾಲು ಹಿಂದೆ ತೆಗೆಯುವ ಅಂತ ಕಂಡಿತು. ಆಗ್ಲಿಲ್ಲ. ಅವನ ಎದುರು ಹೇಳ್ಲಿಕ್ಕೆ ನಾಚಿಕೆ ಆಯ್ತು. ನೀನೇ ಹೇಳು." ಬಾಟಲಿಯನ್ನು ಹತ್ತಿರಕ್ಕೆ ಎಳೆದುಕೊಂಡು, "ಎಣ್ಣೆ ಮಾತ್ರ ನಾನು ವಾಪಸು ಕೊಡುವುದಿಲ್ಲ" ಎಂದರು.

ಅವತ್ತು ಮೊದಲ ಸಂದೇಶದ ಕೊನೆಗೆ ನನ್ನ ಹೆಸರು ಹೊಡೆದೆ. ಆರು ಅಕ್ಷರ. ಬೊಂಬಾಯಿಯಲ್ಲಿ ಬದಲಿಗೆ ಕೂತ ಯಾರೋ ‘ಓಕೆ’ ಎಂದಷ್ಟೇ ಹೊಡೆದು ಸಂಪರ್ಕ ಕಡಿದರು. ಆಕಾಶವೇನೂ ಕೆಳಗೆ ಬೀಳಲಿಲ್ಲ. ಹಾಜಿಯವರು ಮಾತ್ರ ಫೈಲಿಗೆ ಹಾಕುವ ಮೊದಲು ಆ ಕಾಗದವನ್ನು ಎರಡು ಸಲ ನೋಡಿ, ಹತ್ತಿರದ ಹೋಟೆಲಿನಿಂದ ಎಲ್ಲರಿಗೂ ಗೋಳಿಬಜೆ ತರಿಸಿದರು.

ಆ ಯುವಕ ರಜೆ ಮುಗಿಸಿ ಕೆಲಸಕ್ಕೆ ಬಂದದ್ದು ಮುಂದಿನ ವಾರ. ಹೊಸ ಹೆಸರು ಕಂಡು ಯಾರೆಂದು ಕೇಳಿದರು. ಇಷ್ಟು ದಿನ ಹೊಡೆದದ್ದೂ ನಾನೇ, ಅಣ್ಣೇರ ಸೋದರ ಸೊಸೆ ಎಂದು ಎಲ್ಲವನ್ನೂ ಹೇಳಿದೆ. ಸಿಟ್ಟು ಬಂತೇನೋ, ಇನ್ನು ಮಾತೇ ಆಡುವುದಿಲ್ಲವೇನೋ ಎಂದು ಹೆದರಿದೆ.

"ಹಾಗಾದರೆ ನಾನು ಎಣ್ಣೆ ಕೊಟ್ಟದ್ದು ಯಾರಿಗೆ?"

"ನೋವು ಇರುವವರಿಗೇ."

"ಅವತ್ತು ಚಾ ಕೊಟ್ಟದ್ದು ನೀವಾ?"

"ಹೌದು."

"ಸಕ್ಕರೆ ಜಾಸ್ತಿ ಆಗಿತ್ತು." ಆಮೇಲೆ ಇನ್ನೊಂದು ಸಾಲು ಬಂತು, ನಿಧಾನವಾಗಿ. "ಆ ದಿನ ಗಂಟೆ ಬಾರಿಸಿದ್ದಕ್ಕೆ ಥ್ಯಾಂಕ್ಸ್." ಮುಂದೆ ನನ್ನ ಹೆಸರು, ಆರೂ ಅಕ್ಷರ. ಆ ತುಂಡು ಕಾಗದವನ್ನು ನಾನು ಫೈಲಿಗೆ ಹಾಕಲಿಲ್ಲ. ಬ್ಯಾಗಿನಲ್ಲಿಟ್ಟುಕೊಂಡು ಬಸ್ಸಿನಲ್ಲಿ ಕಂಕನಾಡಿ ದಾಟುವವರೆಗೆ ಮೂರು ಸಲ ತೆಗೆದು ಓದಿದೆ.

ಸಂಜೆ ಮನೆಯ ಮೆಟ್ಟಿಲು ಹತ್ತುವಾಗಲೇ ಮಾವ ಕೇಳಿದರು. "ಹೇಳಿದೆಯಾ?"

"ಹೇಳಿದೆ. ತಮಾಷೆ ಮಾಡಿದರು."

"ಹೌದಾ." ಎಣ್ಣೆಯ ಬಾಟಲಿಯ ಮುಚ್ಚಳ ತೆಗೆದರು, ಪುನಃ ಹಾಕಿದರು. "ನನ್ನನ್ನು ಎಂತಾದರೂ ಕೇಳಿದನಾ?"

ಕೇಳಿರಲಿಲ್ಲ. ಎರಡು ವರ್ಷದಲ್ಲಿ ಮೊದಲ ಸಲ ಮಾವನ ವಿಷಯದಲ್ಲಿ ಸುಳ್ಳು ಹೇಳಿದೆ. "ಕೇಳಿದರು. ಮೊಣಗಂಟು ಹೇಗುಂಟು ಅಂತ."

"ಕಡಿಮೆ ಉಂಟು ಅಂತ ಹೇಳು" ಎಂದರು ಮಾವ, ಕಾಲನ್ನು ಸ್ವಲ್ಪ ನೀಡಿ.

ಮರುದಿನ ಬೆಳಿಗ್ಗೆ ಕಛೇರಿಯ ಸಂದೇಶಕ್ಕೂ ಮೊದಲು ಬೊಂಬಾಯಿಯ ಗಂಟೆ ಬಾರಿಸಿ ಒಂದು ಸಾಲು ಹೊಡೆದೆ. ‘ನನ್ನ ಮಾವನನ್ನು ದಿನಕ್ಕೊಮ್ಮೆ ವಿಚಾರಿಸಬೇಕು, ಹೆಸರು ಹಿಡಿದು.’ ಆ ಯಂತ್ರವನ್ನು ಕಛೇರಿಯಿಂದ ಹೊರಗೆ ಸಾಗಿಸುವ ದಿನದವರೆಗೂ ಅವರು ವಿಚಾರಿಸಿದರು.